‘ಇಲ್ಲಿ ಗಮನಿಸಿ’ ಸಾರ್
ಸಾಕ್ಷ್ಯಚಿತ್ರಗಳಲ್ಲಿ ಶಾಸ್ತ್ರೀಯ ಸಂಗೀತವನ್ನು ವಿವರಿಸುವುದೇ ಮೂವತ್ತು ವರ್ಷಗಳಿಂದ ಅವರ ಕಸುಬು. ನಮ್ಮ ಬೀದಿಯವರು ಇಟ್ಟ ಹೆಸರು ‘ಇಲ್ಲಿ ಗಮನಿಸಿ’ ಸಾರ್. ಹಾಡುವವರು ಬಾಯಿ ತೆರೆಯುವಷ್ಟರಲ್ಲಿ ಇವರ ಬೆರಳು ಮೇಲೇಳುತ್ತದೆ: “ಇಲ್ಲಿ ಗಮನಿಸಿ, ಈಗೊಂದು ಅದ್ಭುತ ಬರುತ್ತೆ.” ಅದ್ಭುತ ಬಂದು, ಕೂತು, ಎದ್ದು ಹೋದರೂ ಇವರ ವಾಕ್ಯ ಮುಗಿದಿರುವುದಿಲ್ಲ. ನನ್ನ ಅಂಗಡಿಗೆ ಸ್ಪೀಕರ್ ನೋಡಲು ಬಂದರೂ ಅದೇ ಪಾಡು. “ಸ್ವಲ್ಪ ಕೇಳಿ ಸಾರ್,” ಎಂದರೆ, “ಹೇಗೆ ಕೇಳ್ಬೇಕು ಅಂತಾನೇ ಹೇಳ್ತಿದೀನಲ್ಲಪ್ಪ!” ಎನ್ನುತ್ತಾರೆ. ಅವರ ಮಾತಿಗೆ ನಾಲ್ಕು ಗಿರಾಕಿಗಳು ಸೇರುವುದರಿಂದ ನಾನೂ ತಡೆಯುವುದಿಲ್ಲ. ಮೊನ್ನೆ ಮಾತ್ರ ಬೆರಳು ಏಳಲಿಲ್ಲ. ತಮ್ಮ ಮೊದಲ ಚಿತ್ರದ ಹಳೆಯ ಕ್ಯಾಸೆಟ್ ತಂದಿದ್ದರು. ಅದರಲ್ಲಿ ಹಾಡಿದವಳು ಅವರ ಅಕ್ಕ. ಆಕೆ ತೀರಿಕೊಂಡು ತಿಂಗಳಾಗಿತ್ತು, ಆಕೆಯ ಹಾಡು ಬೇರೆಲ್ಲೂ ಉಳಿದಿರಲಿಲ್ಲ. ಹಾಕಿದೆ. ಮೊದಲಿಂದ ಕೊನೆಯವರೆಗೆ ಅಕ್ಕನ ಹಾಡಿನ ಮೇಲೆ ತಮ್ಮನ ವಿವರಣೆ. “ನನ್ನ ದನಿ ಒಂದನ್ನ ತೆಗೆದುಹಾಕೋಕಾಗುತ್ತಾ?” ಎಂದು ಕೇಳಿದರು. “ಎರಡೂ ಬೆರೆತುಹೋಗಿದೆ ಸಾರ್, ಆಗಲ್ಲ,” ಎಂದೆ. ಅವರು ಕುರ್ಚಿಯನ್ನು ಸ್ಪೀಕರಿನ ಹತ್ತಿರಕ್ಕೆ ಎಳೆದುಕೊಂಡರು. “ಇನ್ನೊಂದ್ಸಲ ಹಾಕಪ್ಪ. ಮಾತಿನ ಮಧ್ಯೆ ನಾನು ಉಸಿರು ತಗೊಳ್ತೀನಲ್ಲ, ಅಲ್ಲೆಲ್ಲ ಅಕ್ಕ ಕೇಳಿಸ್ತಾಳೆ.”