ಮೇಣ ಸವರದ ಬೂಟು
ಊರಿನವರು ಅವನನ್ನು ಬೂಟಪ್ಪ ಎಂದು ಕರೆಯುವುದು ಪ್ರೀತಿಯಿಂದಲ್ಲ. ಹೊರಗಿನಿಂದ ಬಂದು ಆಳುತ್ತಿರುವವರ ಸಿಪಾಯಿಗಳಿಗೆಲ್ಲ ಬೂಟು ಹೊಲಿಯುವವನು ಅವನೊಬ್ಬನೇ; ಅವರ ಸಾಹೇಬ ಅಂಗಡಿಯ ಮೆಟ್ಟಿಲು ಹತ್ತಿದರೆ ಸಾಕು, ಬಾಯಲ್ಲಿ ಕಚ್ಚಿಕೊಂಡ ಮೊಳೆಗಳ ಸಮೇತ ಹಲ್ಲು ಗಿಂಜುತ್ತಾನೆ. "ನಮ್ಮ ಹುಡುಗರನ್ನ ಹಿಡಿಯೋಕೆ ಹೋಗೋ ಕಾಲಿಗೆ ಬೂಟು ಮಾಡ್ತೀಯಲ್ಲೋ, ಥೂ!" ಎಂದು ಎದುರಂಗಡಿಯ ಮುದುಕಿ ದಿನಾ ಉಗಿಯುತ್ತಾಳೆ. "ಕಾಲಿಗೆ ಯಾವ ದೇಶ ಅಜ್ಜಿ? ಅಳತೆ ಕೊಟ್ರೆ ಹೊಲೀತೀನಿ" ಎಂದು ಇವನೂ ದಿನಾ ಅದನ್ನೇ ಹೇಳುತ್ತಾನೆ. ಅವನ ಬೂಟಿಗಿರುವ ಐಬು ಒಂದೇ, ನಡೆದರೆ ಮೂರು ಬೀದಿಗೆ ಕೇಳುವಂತೆ ಕಿರುಗುಟ್ಟುತ್ತದೆ. "ಹೊಸ ಚರ್ಮ ಸ್ವಾಮಿ, ಸ್ವಲ್ಪ ದಿನ ಅಳುತ್ತೆ" ಎಂದು ಸಾಹೇಬನಿಗೆ ಸಮಾಧಾನ ಹೇಳುತ್ತಾನೆ. ಬೂಟಿನ ತಳದಲ್ಲಿ ಒಂದಕ್ಕೊಂದು ಉಜ್ಜುವ ಅಟ್ಟೆಯ ಎರಡು ಪದರಗಳ ನಡುವೆ ಮೇಣ ಸವರಿದರೆ ಸದ್ದು ನಿಲ್ಲುತ್ತದೆಂದು ಅಪ್ಪ ಕಲಿಸಿದ್ದ. ಸಿಪಾಯಿಗಳ ಬೂಟಿಗೆ ಮಾತ್ರ ಇವನ ಕೈ ಮೇಣದ ಡಬ್ಬಿಗೆ ಹೋಗುವುದಿಲ್ಲ. ಆ ಸದ್ದು ಕೇಳಿದೊಡನೆ ಚಳವಳಿಯ ಹುಡುಗರು ಹಿತ್ತಲ ಗೋಡೆ ಹಾರಿ ಮಾಯವಾಗುತ್ತಾರೆ. ಮೊನ್ನೆ ಸಾಹೇಬ ಖುಷಿಯಲ್ಲಿ, "ನಿಮ್ಮ ಮನೆಯವರೆಲ್ಲ ನಮ್ಮವರೇ ಕಣೋ. ಹುಡುಗರು ಅಡಗೋ ಜಾಗ ಹೇಳ್ಕೊಡ್ತಿರೋದೇ ನಿನ್ನ ಅಳಿಯ" ಎಂದು ಬೆನ್ನು ತಟ್ಟಿ ಹೋದ. ಮರುದಿನವೇ ಮಗಳು ಗಂಡನನ್ನು ಕರೆತಂದು, "ಅಪ್ಪಾ, ಇವರಿಗೊಂದು ಜೊತೆ ಬೂಟು, ನಿನ್ನ ಕೈಯಾರೆ ಮಾಡ್ಕೊಡು" ಎಂದಳು. ಬೂಟಪ್ಪ ಅಳಿಯನ ಪಾದವನ್ನು ತೊಡೆಯ ಮೇಲಿಟ್ಟುಕೊಂಡು ನಿಧಾನವಾಗಿ ಅಳತೆ ತೆಗೆದ. "ಚೆನ್ನಾಗೇ ಮಾಡ್ತೀನಿ, ಅಳಿಯಂದಿರೇ" ಎಂದ. ಅವರು ಅತ್ತ ಹೋದ ಮೇಲೆ ಮೇಣದ ಡಬ್ಬಿಯನ್ನು ಅಟ್ಟಕ್ಕೆ ಎತ್ತಿಟ್ಟು, ಅಟ್ಟೆಗೆ ಎರಡರ ಬದಲು ಮೂರು ಪದರ ಕತ್ತರಿಸಿದ.