ಕಿವಿ ಮುಟ್ಟಿದ ಕೈ

ನನ್ನ ಮಗಳು ಈಗಲೂ ಬೆಳಿಗ್ಗೆ ಐದಕ್ಕೆ ಎದ್ದು ನಾಲೆ ಏರಿಯ ಮೇಲೆ ಓಡುತ್ತಾಳೆ. ನಾನು ಬಾಗಿಲಿಗೆ ನೀರು ಹಾಕಿ ರಂಗೋಲಿ ಬಿಡುವ ಹೊತ್ತಿಗೆ ಕಬ್ಬಿನ ಗದ್ದೆ ಆಚೆಯಿಂದ ಅವಳ ಹೆಜ್ಜೆಯ ಸದ್ದು ಬರುತ್ತದೆ. ಸೈನ್ಯಕ್ಕೆ ಸೇರಬೇಕೆಂದು ಶುರುಮಾಡಿದ ಓಟ ಅದು. ಸೇರಲಾಗಲಿಲ್ಲ. ಕಾಗದದ ಮೇಲೆ ಅವಳ ವಯಸ್ಸು ಒಂದೂವರೆ ವರ್ಷ ಹೆಚ್ಚಾಗಿದೆ. ಹೆಚ್ಚು ಮಾಡಿಸಿದವಳು ನಾನೇ.

ಮಳವಳ್ಳಿ ಹತ್ತಿರದ ನಮ್ಮೂರಲ್ಲಿ ಮನೆಯ ಹಿಂದೆಯೇ ನಾಲೆ. ಅವಳು ನಡೆಯುವುದಕ್ಕಿಂತ ಮೊದಲು ಓಡುವುದನ್ನೇ ಕಲಿತಳೇನೋ. ನಾನು ಒಲೆ ಮುಂದೆ ಮುದ್ದೆ ತಿರುವುತ್ತಿದ್ದರೆ ಅವಳು ನೀರಿನ ಕಡೆ ಓಡುತ್ತಿದ್ದಳು. ಕೋಲು ಬಿಟ್ಟು ಅವಳ ಹಿಂದೆ ಓಡಿ ಓಡಿ ನನಗೆ ಸಾಕಾಗಿತ್ತು. ನಮ್ಮ ಭಾವನವರ ಮಗಳನ್ನು ಶಾಲೆಗೆ ಸೇರಿಸುವ ವರ್ಷ, ಇವಳನ್ನೂ ಜೊತೆಗೇ ಸೇರಿಸಿಬಿಟ್ಟರೆ ನಾಲೆಯ ಭಯ ತಪ್ಪುತ್ತದೆ ಅಂದುಕೊಂಡೆ. ಆಗ ಅವಳಿಗಿನ್ನೂ ಐದೂ ತುಂಬಿರಲಿಲ್ಲ. ಒಂದನೇ ತರಗತಿಗೆ ಆರು ತುಂಬಿರಬೇಕಿತ್ತು.

ಹೊಳಲಿನ ನನ್ನ ತವರಲ್ಲಿ ಹೆರಿಗೆ ಮನೆಯಲ್ಲೇ ಆಗಿದ್ದರಿಂದ ಹುಟ್ಟಿದ ದಿನವನ್ನು ಯಾರೂ ಸರ್ಕಾರದಲ್ಲಿ ಬರೆಸಿರಲಿಲ್ಲ. ಅಂಥ ಮಕ್ಕಳಿಗೆ ನಮ್ಮೂರ ಹೆಡ್‌ಮೇಷ್ಟ್ರು ಹಳೆಯ ಪರೀಕ್ಷೆ ಮಾಡುತ್ತಿದ್ದರು. ಬಲಗೈಯನ್ನು ತಲೆಯ ಮೇಲಿಂದ ತಂದು ಎಡಗಿವಿ ಮುಟ್ಟಬೇಕು. ಆರು ತುಂಬದ ಮಕ್ಕಳಿಗೆ ಅದು ಎಟುಕುವುದಿಲ್ಲ. ನಾನು ಒಂದು ವಾರ ಅಡುಗೆಮನೆಯಲ್ಲಿ ಅವಳಿಗೆ ಅದನ್ನೇ ಕಲಿಸಿದೆ. ಕಿವಿ ಮುಟ್ಟಿದಾಗಲೆಲ್ಲ ಒಂದು ಚೂರು ಬೆಲ್ಲ.

ಮೇಷ್ಟ್ರು ಅವಳನ್ನು ಮೇಲಿಂದ ಕೆಳಗೆ ನೋಡಿದರು.

"ಆರಾಯ್ತೇನಮ್ಮ ಇದ್ಕೆ? ಒಂದ್ ಹಲ್ಲೂ ಬಿದ್ದಿಲ್ವಲ್ಲ."

"ಅವ್ರಪ್ಪನ ಕಡೇರ್ಗೆಲ್ಲ ಅಲ್ಲು ತಡವಾಗೇ ಬೀಳದು ಸಾ," ಅಂದೆ.

"ಎಲ್ಲಿ ಮಗ, ಕಿವಿ ಮುಟ್ಟು ನೋಡಾನ."

ಅಪ್ಪನ ಹಾಗೆ ಉದ್ದ ಕೈ ಅವಳದು. ಕತ್ತನ್ನು ಒಂಚೂರು ವಾಲಿಸಿ, ಕಿವಿ ಮುಟ್ಟಿದ್ದಲ್ಲದೆ ಹಿಡಿದು ಎಳೆದೂ ತೋರಿಸಿದಳು. ಆಮೇಲೆ ಮೇಷ್ಟ್ರ ಮುಂದೆ ಅಂಗೈ ಚಾಚಿದಳು, ಬೆಲ್ಲಕ್ಕೆ! ಮೇಷ್ಟ್ರು ನಕ್ಕುಬಿಟ್ಟರು. ಎಲ್ಲ ಮಕ್ಕಳಿಗೂ ಬರೆಯುವಂತೆ ಜೂನ್ ಒಂದು ಅಂತ ಬರೆದು, ವರ್ಷವನ್ನು ಹಿಂದಕ್ಕೆ ಹಾಕಿದರು. ಅವತ್ತು ಮನೆಗೆ ಬಂದು ನಮ್ಮ ಮನೆದೇವರು ಮಾದಪ್ಪನಿಗೆ ತುಪ್ಪದ ದೀಪ ಹಚ್ಚಿದೆ. ಸುಳ್ಳು ಹೇಳಿ ಬಂದವಳು ದೀಪ ಹಚ್ಚಬಾರದಿತ್ತೋ ಏನೋ, ಆಗ ಹೊಳೆಯಲಿಲ್ಲ.

ಅವಳು ಪಿಯುಸಿಯಲ್ಲಿದ್ದಾಗ ಒಮ್ಮೆ ಇಬ್ಬರೂ ಮದ್ದೂರು ರೈಲ್ವೆ ಸ್ಟೇಷನ್ನಿನಲ್ಲಿ ಕುಳಿತಿದ್ದೆವು. ಸೈನ್ಯದ ಬಟ್ಟೆ ತೊಟ್ಟ ಹುಡುಗಿಯೊಬ್ಬಳು ರಜೆಗೆಂದು ಬಂದು, ಕಪ್ಪು ಟ್ರಂಕನ್ನು ತಾನೇ ಇಳಿಸಿಕೊಂಡಳು. ಅವಳ ತಾಯಿ ಟ್ರಂಕಿನ ಒಂದು ಕಡೆ ಹಿಡಿಯಲು ಹೋಗಿ ಬೈಸಿಕೊಂಡಳು. ನನ್ನ ಮಗಳು ಹತ್ತಿರ ಹೋಗಿ ಕೇಳೇಬಿಟ್ಟಳು.

"ಎಣ್ಮಕ್ಕಳ್ನೂ ತಗತಾರಾ ಅಕ್ಕ?"

"ತಗತಾರೆ. ಓಡದು ಕಲ್ತ್ಕೊ. ಇಪ್ಪತ್ತೊಂದು ದಾಟೋಕೆ ಮುಂಚೆ ಬಾ."

ಮರುದಿನದಿಂದಲೇ ನಾಲೆ ಏರಿಯ ಓಟ. ಪಿಯುಸಿ ಮುಗಿಯುತ್ತಲೇ ಅರ್ಜಿ ಹಾಕುತ್ತೇನೆ ಅಂದಳು. ನಾನೇ ತಡೆದೆ.

"ಮೊದ್ಲು ಡಿಗ್ರಿ ಮುಗ್ಸು. ನಿಂಗಿನ್ನೂ ವಯಸ್ಸು ಬೇಕಾದಷ್ಟದೆ."

"ಕಾಗದ್ದಲ್ಲಿ ಇಲ್ಲ ಕಣವ್ವ."

"ಮೇಷ್ಟ್ರು ಒಂದ್ಮಾತ್ಗೆ ಬರ್ದಿದ್ದು. ಒಂದ್ಮಾತ್ಗೆ ತಿದ್ಕೊಡ್ತಾರೆ ಬುಡು."

ನನ್ನ ಮಾತು ನಂಬಿದಳು. ಮನೆಯಲ್ಲಿ ಅವಳ ವಯಸ್ಸನ್ನು ನಾವು ಎಣಿಸುತ್ತಿದ್ದುದು ಅವಳು ಹುಟ್ಟಿದ ಕಾರ್ತಿಕ ಸೋಮವಾರದಿಂದ ಕಾರ್ತಿಕ ಸೋಮವಾರಕ್ಕೆ. ಆ ಲೆಕ್ಕದಲ್ಲಿ ಡಿಗ್ರಿ ಮುಗಿದ ಮೇಲೂ ಒಂದು ವರ್ಷಕ್ಕಿಂತ ಹೆಚ್ಚೇ ಉಳಿಯುತ್ತಿತ್ತು.

ಡಿಗ್ರಿ ಮುಗಿಯುವಷ್ಟರಲ್ಲಿ ಕಾಗದದ ಮೇಲೆ ಇಪ್ಪತ್ತೊಂದು ತುಂಬಿತ್ತು, ಮೇಷ್ಟ್ರು ತೀರಿಹೋಗಿದ್ದರು. ನಾನು ತವರಿಗೆ ಹೋಗಿ ಅಟ್ಟ ಹುಡುಕಿ, ನಮ್ಮಪ್ಪನ ಹಳೆಯ ಪಂಚಾಂಗ ತಂದೆ. ಅದರ ಅಂಚಿನಲ್ಲಿ ಅಪ್ಪ ಪೆನ್ಸಿಲಿನಲ್ಲಿ ಬರೆದಿದ್ದರು: ಕಾರ್ತಿಕ ಸೋಮವಾರ, ಹಾಲು ಕರೆಯುವ ಹೊತ್ತು, ಹೆಣ್ಣು ಮಗು, ತಾಯಿ ಕ್ಷೇಮ. ಅದನ್ನು ಅರಿಶಿನದ ಬಟ್ಟೆಯಲ್ಲಿ ಸುತ್ತಿಕೊಂಡು ಮಳವಳ್ಳಿಯ ಶಿಕ್ಷಣ ಇಲಾಖೆ ಆಫೀಸಿಗೆ ಹೋದೆವು. ಅಲ್ಲಿದ್ದ ವಯಸ್ಸಾದ ಗುಮಾಸ್ತರು ಒಳ್ಳೆಯವರು. ಬೈಯಲಿಲ್ಲ. ಪಂಚಾಂಗ ಬಿಚ್ಚಿ ಓದಿ, ಕಣ್ಣಿಗೊತ್ತಿಕೊಂಡು ಹಿಂದಕ್ಕೆ ಕೊಟ್ಟರು.

"ದೇವ್ರ ಲೆಕ್ಕ ಸರ್ಯಾಗದೆ ಕಣಮ್ಮ. ಆದ್ರೆ ಎಸ್ಸೆಸ್ಸೆಲ್ಸಿ ಕಾರ್ಡಲ್ಲಿ ಆ ತಾರೀಕು ಬಿದ್ದೋಗದೆ. ಇನ್ನ ಪೆನ್ಸಿಲ್ ಬರವಣಿಗೆ ನೋಡಿ ಅದ್ನ ತಿದ್ದಕ್ಕಾಗಕಿಲ್ಲ."

ಬಸ್ಸಿನಲ್ಲಿ ಪಂಚಾಂಗವನ್ನು ಅವಳೇ ತೊಡೆಯ ಮೇಲಿಟ್ಟುಕೊಂಡು ಕುಳಿತಿದ್ದಳು. ನಿನ್ನಿಂದ ಹೀಗಾಯಿತು ಎಂದು ಅವತ್ತೂ ಅನ್ನಲಿಲ್ಲ, ಇವತ್ತಿನವರೆಗೂ ಅಂದಿಲ್ಲ. ಅದು ದೇವರು ನನಗೆ ಕೊಟ್ಟ ಒಂದು ದಯೆ. ಪೊಲೀಸ್ ಪರೀಕ್ಷೆಗೆ ಅವಳಿಗಿನ್ನೂ ವಯಸ್ಸು ಮೀರಿಲ್ಲ, ಅದಕ್ಕೆ ಓದುತ್ತಿದ್ದಾಳೆ. ಅದೂ ಒಂದು ದಯೆ. ನಾಲೆ ಅವಳನ್ನು ತೆಗೆದುಕೊಳ್ಳಲಿಲ್ಲ. ಅದು ಎಲ್ಲಕ್ಕಿಂತ ದೊಡ್ಡದು. ಆದರೂ ಮದ್ದೂರು ಸ್ಟೇಷನ್ನಿಗೆ ಹೋದಾಗಲೆಲ್ಲ ನನ್ನ ಕಣ್ಣು ರೈಲಿನ ಬಾಗಿಲುಗಳಲ್ಲಿ ಕಪ್ಪು ಟ್ರಂಕನ್ನು ಹುಡುಕುತ್ತದೆ. ಒಂದು ಕಡೆ ಹಿಡಿಯಲು ಹೋಗಿ ಮಗಳಿಂದ ಬೈಸಿಕೊಳ್ಳುವ ಭಾಗ್ಯ ನನಗೂ ಇರಬೇಕಿತ್ತು ಅನ್ನಿಸುತ್ತದೆ.

ಹುಟ್ಟಿದಂದಿನಿಂದ ಅವಳ ಆಯಸ್ಸು ಹೆಚ್ಚಲಿ ಅಂತ ಬೇಡಿದವಳು ನಾನು. ಆಫೀಸಿನಿಂದ ಬಂದ ಮೇಲೆ ಆ ವರ್ಷವೆಲ್ಲ ವಯಸ್ಸು ಕಡಿಮೆ ಮಾಡಪ್ಪ ಅಂತ ಬೇಡಿಕೊಂಡೆ. ಕಾಗದ ಏನೇ ಹೇಳಲಿ, ನಿಜವಾದ ಇಪ್ಪತ್ತೊಂದು ತುಂಬುವವರೆಗೆ ಹೇಗಾದರೂ ಒಂದು ದಾರಿ ತೆರೆದೀತು ಅಂತ ಆಸೆಯಿತ್ತು.

ಹೋದ ಕಾರ್ತಿಕದಲ್ಲಿ ಅದೂ ತುಂಬಿತು. ಸೋಮವಾರ ಸಂಜೆ ದೀಪ ಹಚ್ಚಿ ಪಾಯಸಕ್ಕೆ ಬೆಲ್ಲ ಕುಟ್ಟುತ್ತಿದ್ದೆ. ಅವಳು ಬಂದು ಹೊಸ್ತಿಲ ಮೇಲೆ ಕುಳಿತಳು.

"ಮಾದಪ್ಪನ ಲೆಕ್ಕದಲ್ಲೂ ಇಪ್ಪತ್ತೊಂದಾಯ್ತು ಕಣವ್ವ. ಇನ್ನ ನೀನು ಎಣ್ಸದು ಬುಡು."

ನಾನು ತಲೆ ಎತ್ತಲಿಲ್ಲ. ಎತ್ತಿದ್ದರೆ ಅಳುತ್ತಿದ್ದೆ.

"ಅವ್ವ, ಇಲ್ನೋಡು."

ನೋಡಿದೆ. ಬಲಗೈಯನ್ನು ತಲೆಯ ಮೇಲಿಂದ ತಂದು ಎಡಗಿವಿ ಹಿಡಿದುಕೊಂಡು ಕುಳಿತಿದ್ದಳು. ಇನ್ನೊಂದು ಅಂಗೈ ನನ್ನ ಮುಂದೆ ಚಾಚಿತ್ತು. ಕುಟ್ಟಿದ ಬೆಲ್ಲದಲ್ಲಿ ದೊಡ್ಡ ಚೂರು ಆರಿಸಿ ಅದರ ಮೇಲಿಟ್ಟೆ.