ಕುದುರೆಯವನಿಗೆ ಇಟ್ಟ ಕುಂಕುಮ

ತರೀಕೆರೆಯ ಕಾಲೇಜಿನಲ್ಲಿ ನಾನು ಹನ್ನೆರಡು ವರ್ಷದಿಂದ ಇತಿಹಾಸ ಪಾಠ ಮಾಡುತ್ತಿದ್ದೇನೆ. ನಾರ್ಮನ್ ದೊರೆಗಳ ವಿಷಯ ಬಂತೆಂದರೆ ನನಗೆ ಹುರುಪೋ ಹುರುಪು. ಬಡಗಣ ಕಡಲಿನಿಂದ ಬಂದ ವೈಕಿಂಗರು ಫ್ರಾನ್ಸಿನ ಊರುಗಳನ್ನು ಸುಟ್ಟರು, ಮಠಗಳನ್ನು ದೋಚಿದರು. ಸಾಕಾಗಿಹೋದ ಅಲ್ಲಿನ ರಾಜ ಅವರ ನಾಯಕನೊಬ್ಬನಿಗೆ ನದೀತೀರದ ನೆಲ ಕೊಟ್ಟು, ಬೇರೆ ದರೋಡೆಕೋರರು ಬಾರದಂತೆ ನೀನೇ ಕಾಯಬೇಕು ಎಂದ. ಕೆಲವೇ ತಲೆಮಾರಿನಲ್ಲಿ ಆ ಮನೆಯವರು ಅಜ್ಜನ ಭಾಷೆ ಮರೆತರು, ಚರ್ಚು ಕಟ್ಟಿಸಿದರು, ತಮ್ಮ ಕುಲವನ್ನು ಹೊಗಳಿ ಚರಿತ್ರೆಯನ್ನೂ ಬರೆಸಿದರು. ಆರನೆಯ ತಲೆಮಾರಿನವನು ಇಂಗ್ಲೆಂಡಿಗೇ ದೊರೆಯಾದ. "ನೋಡ್ರಪ್ಪ, ಕಳ್ಳನ ಮೊಮ್ಮಕ್ಕಳು ಹೇಗೆ ಕಿರೀಟ ಇಟ್ಕೊಂಡ್ರು" ಎಂದರೆ ಇಡೀ ಕ್ಲಾಸು ನಗುತ್ತಿತ್ತು. ನಾನೂ ನಗುತ್ತಿದ್ದೆ. ಬೇರೆಯವರ ಅಜ್ಜ ತಾನೆ!

ನಮ್ಮೂರು ಶಿವನಿಯ ಹತ್ತಿರ. ಅಲ್ಲಿ ನಮ್ಮದನ್ನು ಕುದುರೆ ಮನೆ ಎನ್ನುತ್ತಾರೆ. ನಮ್ಮ ಮೂಲಪುರುಷ ಕುದುರೆಯೇರಿ ಬಂದು, ಊರಿನ ದನ ಉಳಿಸಲು ಪ್ರಾಣ ಕೊಟ್ಟ ಎಂಬುದು ಮನೆಯ ಹೆಮ್ಮೆ. ಊರ ಬಾಗಿಲಲ್ಲಿ ಅವನ ವೀರಗಲ್ಲಿದೆ. ಕುದುರೆ ಮೇಲೊಬ್ಬ, ನೆಲದ ಮೇಲೊಬ್ಬ, ಹಿಂದೆ ದನಗಳು. ಪ್ರತಿ ಮಹಾಲಯ ಅಮಾವಾಸ್ಯೆಗೆ ಕಲ್ಲು ತೊಳೆದು, ಕುದುರೆಯವನಿಗೆ ಬೆಣ್ಣೆ ಮೆತ್ತಿ ಕುಂಕುಮ ಇಡುತ್ತೇವೆ. ಆಮೇಲೆ ಮೊದಲ ಎಡೆ ಎದುರು ಮನೆಗೆ ಹೋಗಬೇಕು. ಅವರು ಉಂಡ ಮೇಲೆಯೇ ನಮ್ಮ ಊಟ. ಯಾಕೆಂದು ಯಾರೂ ಕೇಳಿದ್ದಿಲ್ಲ, ನಮ್ಮ ಮನೆತನದ ಧಾರಾಳ ಎಂದುಕೊಂಡಿದ್ದೆವು. ಚಿಕ್ಕವಳಿದ್ದಾಗ ಹಸಿವು ತಡೆಯಲಾರದೆ ಆ ಮನೆಯವರನ್ನು ನಾನು ಮನಸ್ಸಿನಲ್ಲೇ ಬೈದದ್ದೂ ಉಂಟು.

ಹೋದ ವರ್ಷ ಅಮಾವಾಸ್ಯೆಗೆ ಮುಂಚೆ, ಆ ಕಲ್ಲನ್ನು ಕೀಳಿಸಿ ನಮ್ಮ ಗೇಟಿನ ಪಕ್ಕ ಮಂಟಪ ಕಟ್ಟಿ ನಿಲ್ಲಿಸಬೇಕೆಂದು ದೊಡ್ಡಪ್ಪ ಹಟ ಹಿಡಿದರು. ಗುಂಡಿ ತೆಗೆದಾಯಿತು, ಜೆಸಿಬಿಯವನಿಗೆ ಹೇಳಿಯೂ ಆಯಿತು. ಎದುರು ಮನೆಯ ಅಜ್ಜಿ ಮಾತ್ರ ಎರಡು ಸಲ ಬಂದು, "ಅದು ಅಲ್ಲೇ ಇರ್ಲಿ ಕಣಪ್ಪ" ಎಂದು ಕೇಳಿಕೊಂಡರು. "ಕಲ್ಲು ನಮ್ದು, ಮಧ್ಯ ಇವರದ್ದೇನು?" ಎಂದು ದೊಡ್ಡಪ್ಪ ರೇಗಿದರು. ನಾನೂ ಅವರ ಕಡೆಯೇ. ಕಲ್ಲಿನ ಮೇಲಿದ್ದ, ನಮಗಾರಿಗೂ ಓದಲು ಬಾರದ ಹಳೆಯ ಬರಹವನ್ನು ಮಂಟಪದ ಬೋರ್ಡಿಗೆ ಬರೆಸಲೆಂದು, ಶಾಸನ ಓದಬಲ್ಲ ನನ್ನ ಸಹೋದ್ಯೋಗಿಯೊಬ್ಬರನ್ನು ಒಂದು ಭಾನುವಾರ ಕರೆತಂದೆ.

ಅವರು ಅಕ್ಷರಗಳ ಮೇಲೆ ಸೀಮೆಸುಣ್ಣ ಉಜ್ಜಿ ಓದುತ್ತಾ ಹೋದರು. ಮುಖ ಸಪ್ಪಗಾಯಿತು.

"ಮೇಡಂ, ವೀರ ಕುದುರೆ ಮೇಲಿಲ್ಲ. ನೆಲದ ಮೇಲೆ ನಿಂತು ಕಾದಾಡಿ ಸತ್ತವನೇ ವೀರ. ಕುದುರೆಯವನು ದನ ಹೊಡ್ಕೊಂಡು ಹೋಗೋಕೆ ಬಂದವನು."

ಕೆಳಗೆ ಇನ್ನೂ ಕೆಲವು ಸಾಲುಗಳಿದ್ದವು. ಕುದುರೆಯವನು ಆಮೇಲೆ ಈ ಸೀಮೆಯ ಒಡೆಯನಿಗೆ ಶರಣಾದ. ಒಡೆಯ ಅವನಿಗೆ ಇಲ್ಲೇ ನೆಲ ಕೊಟ್ಟು ಊರ ಕಾವಲಿಗೆ ಇಟ್ಟ. ವರ್ಷಕ್ಕೊಮ್ಮೆ ಸತ್ತವನ ಮನೆಗೆ ಮೊದಲ ಎಡೆ ಕೊಟ್ಟು, ಆಮೇಲೆ ಇವನ ಮನೆಯವರು ಉಣ್ಣತಕ್ಕದ್ದು.

ವರ್ಷಗಟ್ಟಲೆ ನಾನು ಕ್ಲಾಸಿನಲ್ಲಿ ನಗಿಸಿದ್ದು ಇದೇ ಕಥೆ ಹೇಳಿಯಲ್ಲವೆ? ಇಷ್ಟು ತಲೆಮಾರು ಕೊಂದವನಿಗೆ ಬೆಣ್ಣೆ ಮೆತ್ತಿದ್ದೆವು. ಸತ್ತವನ ಹಣೆಗೆ ಒಂದು ಚಿಟಿಕೆ ಅರಿಶಿನವನ್ನೂ ಇಟ್ಟಿರಲಿಲ್ಲ.

"ಓದೋಕೇ ಬರಲ್ಲ ಆವಯ್ಯಂಗೆ!" ಎಂದು ದೊಡ್ಡಪ್ಪ ಕೂಗಾಡಿದರು. ನಾನು ಸೀದಾ ಎದುರು ಮನೆಗೆ ಹೋದೆ. ದೊಡ್ಡಪ್ಪನೂ ಬುಸುಗುಡುತ್ತಾ ಹಿಂದೆಯೇ ಬಂದರು. ಜಗಲಿ ಮೇಲೆ ಅಲಸಂದೆಕಾಯಿ ಬಿಡಿಸುತ್ತಿದ್ದ ಅಜ್ಜಿಗೆ ಎಲ್ಲ ಹೇಳಿದೆ. ಅವರಿಗೆ ಕಲ್ಲಿನ ವಿಷಯ ಕೇಳಿ ಆಶ್ಚರ್ಯವಾಗಲಿಲ್ಲ. ಆಶ್ಚರ್ಯವಾದದ್ದು ನಮ್ಮನ್ನು ನೋಡಿ.

"ಅಯ್ಯೋ, ನಿಮ್ಗೆ ಗೊತ್ತಿರ್ಲಿಲ್ವೇನವ್ವ? ನಮ್ಮತ್ತೆ ನಂಗೆ ಹೇಳಿದ್ರು, ನಾನು ನನ್ ಸೊಸೆಗೆ ಹೇಳಿದೀನಿ. ಮಾಡಿದ್ ತಪ್ಪು ನೆನಪಿಟ್ಕೊಂಡು, ವರ್ಷಾ ವರ್ಷಾ ಬಂದು ಎಡೆ ಕೊಟ್ಟು, ನಾವು ಉಂಡ್ಮೇಲೆ ಉಣ್ತಾರಲ್ಲ, ಎಂಥಾ ದೊಡ್ಡ ಮನಸ್ಸಿನ ಜನ ಅಂತ ನಮ್ಮನೇಲಿ ಎಲ್ರೂ ನಿಮ್ಮನ್ನ ಹೊಗಳ್ತಿದ್ವಿ."

ದೊಡ್ಡಪ್ಪ ಜಗಲಿ ಮೇಲೆ ಕೂತರು. ಜೆಸಿಬಿಯವನಿಗೆ ಫೋನ್ ಮಾಡಿ, "ಬರ್ಬೇಡ ಕಣೋ. ಗುಂಡಿ ನಾವೇ ಮುಚ್ಕೊತೀವಿ" ಎಂದರು.